ಕುಡುಗೋಲು ಮುಟ್ಟದ ತೆನೆ

ಕಥೆಗಾರ ತೀರಿಕೊಂಡ ಮೇಲೆ ಅವನ ಪೆಟ್ಟಿಗೆಯಲ್ಲಿ ಉಳಿದ ಕಾಗದಗಳನ್ನೆಲ್ಲ ಅಚ್ಚಿಗೆ ಕೊಡುವುದು ಅವನಿಗೆ ಮಾಡುವ ಉಪಕಾರವೋ ಅಪಕಾರವೋ ಎಂಬ ವ್ಯಾಜ್ಯ ಹಳೆಯದು; ಅದು ಇಂದಿಗೂ ಇತ್ಯರ್ಥವಾಗಿಲ್ಲ. ಇಂಗ್ಲಿಷ್ ಕಾದಂಬರಿಕಾರ ಜೆ. ಆರ್. ಆರ್. ಟೋಲ್ಕಿನ್ ಅವರ ವಿಷಯದಲ್ಲಂತೂ ಎರಡು ಪಕ್ಷಕ್ಕೂ ಬೇಕಾದಷ್ಟು ಸಾಕ್ಷ್ಯ ಸಿಗುತ್ತದೆ. ಅವರು ತೀರಿಕೊಂಡುದು 1973ರಲ್ಲಿ. ಅವರ ಮಗ ಕ್ರಿಸ್ಟೊಫರ್ ಟೋಲ್ಕಿನ್ ತಂದೆಯ ಹಸ್ತಪ್ರತಿಗಳನ್ನು ಜೋಡಿಸಿ, ಟಿಪ್ಪಣಿ ಬರೆದು, ಹನ್ನೆರಡು ಸಂಪುಟಗಳಾಗಿ ಹೊರತಂದರು. ಕಡೆಯ ಸಂಪುಟವಾದ ‘ದಿ ಪೀಪಲ್ಸ್ ಆಫ್ ಮಿಡ್ಲ್ ಅರ್ತ್’ 1996ರಲ್ಲಿ ಬಂದಿತು. ಅದರಲ್ಲಿ ‘ಆಫ್ ಲೆಂಬಸ್’ ಎಂಬ ಪುಟ್ಟ ಬರಹವೊಂದಿದೆ. ಅದೊಂದು ಸುಗ್ಗಿಯ ವೃತ್ತಾಂತ. ಇಲ್ಲದ ಲೋಕದಲ್ಲಿ, ಇಲ್ಲದ ಧಾನ್ಯವನ್ನು, ಇಲ್ಲದ ಹೆಂಗಸರು ಹೇಗೆ ಕೀಳುತ್ತಾರೆಂಬುದರ ವಿವರ. ಇದನ್ನು ನಾನು ಈಚೆಗೆ ಮೂರು ಸಲ ಓದಿದೆ. ಮೊದಲ ಸಲ ಮರುಳಾದೆ. ಎರಡನೆಯ ಸಲ ಏನೋ ಕೊರತೆ ಕಂಡಿತು. ಆ ಕೊರತೆ ಯಾವುದೆಂದು ಹೊಳೆದುದು ಮೂರನೆಯ ಸಲ.

ಟೋಲ್ಕಿನ್ನರ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ 1954ರಲ್ಲಿಯೂ 1955ರಲ್ಲಿಯೂ ಮೂರು ಸಂಪುಟಗಳಾಗಿ ಪ್ರಕಟವಾಯಿತು. ಅದನ್ನು ಓದದವರಿಗಾಗಿ ಎರಡು ಮಾತು ಹೇಳಬೇಕು. ಶೈರ್ ಎಂಬ ಹಸುರು ನಾಡಿನ ಕುಳ್ಳ ಜನರಲ್ಲಿ ಒಬ್ಬನಾದ ಫ್ರೋಡೋ, ತನ್ನ ತೋಟದ ಆಳು ಸ್ಯಾಮ್‌ನನ್ನು ಕರೆದುಕೊಂಡು, ಲೋಕವನ್ನೇ ಗುಲಾಮಗಿರಿಗೆ ತಳ್ಳಬಲ್ಲ ಉಂಗುರವೊಂದನ್ನು ಶತ್ರುವಿನ ನಾಡಾದ ಮೊರ್ಡೋರ್‌ನ ಬೆಂಕಿಯ ಬೆಟ್ಟದಲ್ಲಿ ಎಸೆದು ಬರಲು ಹೋಗುತ್ತಾನೆ. ನಡುದಾರಿಯಲ್ಲಿ ಎಲ್ಫ್ ಎಂಬ ಚಿರಾಯು ಜನರ ಕಾಡು ಸಿಗುತ್ತದೆ. ಅಲ್ಲಿಂದ ಹೊರಡುವಾಗ ಎಲ್ಫರು ಅವರಿಗೆ ಎಲೆಯಲ್ಲಿ ಸುತ್ತಿದ ತೆಳ್ಳನೆಯ ರೊಟ್ಟಿಗಳನ್ನು ಕಟ್ಟಿಕೊಡುತ್ತಾರೆ. ಒಂದು ರೊಟ್ಟಿ ತಿಂದರೆ ದಿನವಿಡೀ ನಡೆಯಬಹುದು. ಎಲೆ ಬಿಚ್ಚದೆ ಇಟ್ಟರೆ ಬಹಳ ದಿನ ಕೆಡುವುದಿಲ್ಲ. ಇದೇ ಲೆಂಬಸ್. ಟೋಲ್ಕಿನ್ ಕಟ್ಟಿದ ಭಾಷೆಯಲ್ಲಿ ಆ ಮಾತಿಗೆ ಪ್ರಯಾಣದ ರೊಟ್ಟಿ ಎಂದು ಅರ್ಥ. ನಮ್ಮಲ್ಲಿ ಅದಕ್ಕೆ ಬುತ್ತಿ ಎಂಬ ಸೊಗಸಾದ ಮಾತೇ ಇರುವಾಗ ಬೇರೆ ಅನುವಾದ ಹುಡುಕಬೇಕಾಗಿಲ್ಲ.

ಕಾದಂಬರಿಯಲ್ಲಿ ಈ ಬುತ್ತಿ ಎಲ್ಲಿ ಬೆಳೆಯಿತು, ಯಾರು ಬೆಳೆದರು, ಯಾರು ಸುಟ್ಟರು ಎಂಬುದು ತಿಳಿಯುವುದಿಲ್ಲ. 1996ರಲ್ಲಿ ಹೊರಬಿದ್ದ ಬರಹ ತಿಳಿಸುವುದು ಅದನ್ನೇ. ಎಲ್ಫರ ಪೂರ್ವಿಕರು ಪಡುವಣದ ದೇವಭೂಮಿಯ ಕಡೆಗೆ ಮಹಾಪ್ರಯಾಣ ಹೊರಟಾಗ, ಬೆಳೆಯುವುದಕ್ಕೆಲ್ಲ ಒಡತಿಯಾದ ಯವಾನ್ನಾದೇವಿ ತನ್ನ ಹೊಲದ ಕಾಳನ್ನು ಓರೊಮೆ ಎಂಬ ಬೇಟೆಯ ದೇವನ ಕೈಯಲ್ಲಿ ಅವರಿಗೆ ಕಳುಹಿಸಿದಳಂತೆ. ಆ ಕಾಳಿನಲ್ಲಿ ದೇವಭೂಮಿಯ ಜೀವ ತುಂಬಿದೆ. ಮಂಜು ಕಟ್ಟಿದ ಕಾಲವೊಂದನ್ನು ಬಿಟ್ಟು ಎಂದು ಬಿತ್ತಿದರೂ ಅದು ಬೇಗನೆ ಮೊಳೆಯುತ್ತದೆ. ಅದಕ್ಕೆ ಬಿದ್ದಷ್ಟು ಬಿಸಿಲು ಸಾಕು. ಸಿಕ್ಕಿದ ಬೆಳಕನ್ನು ಹೀರಿ, ಹೆಚ್ಚಿಸಿಕೊಂಡು ಮಾಗುತ್ತದೆ. ಆದರೆ ಈ ಲೋಕದ ಗಿಡಗಳ ನೆರಳಿನಲ್ಲಿ ಅದು ಏಳುವುದಿಲ್ಲ. ಬಡಗಲಲ್ಲಿ ದುಷ್ಟಶಕ್ತಿ ನೆಲೆಸಿದ್ದಷ್ಟು ಕಾಲ ಆ ಕಡೆಯಿಂದ ಬೀಸುವ ಗಾಳಿಯನ್ನೂ ಅದು ತಾಳುತ್ತಿರಲಿಲ್ಲ.

ಇನ್ನು ಕೊಯ್ಲು. ಕೊಯ್ಲು ಎಂಬ ಮಾತೇ ಇಲ್ಲಿ ಸಲ್ಲದು, ಏಕೆಂದರೆ ಕೊಯ್ಯುವುದಕ್ಕೆ ಅಲ್ಲಿ ಅಲಗೇ ಇಲ್ಲ. ಲೋಹದ ಅಂಚು ಆ ಬೆಳೆಗೆ ಸೋಕಬಾರದು. ಹೊನ್ನಬಣ್ಣದ ದೊಡ್ಡ ತೆನೆಗಳನ್ನು ಒಂದೊಂದಾಗಿ ಕೈಯಿಂದಲೇ ಮುರಿದುಕೊಳ್ಳಬೇಕು. ಆಮೇಲೆ ಬಿಳಿಯ ದಂಟನ್ನೂ ಕೈಯಿಂದಲೇ ನೆಲದಿಂದ ಕಿತ್ತು, ಅದರಿಂದ ಬುಟ್ಟಿ ಹೆಣೆದು, ಅದೇ ಬುಟ್ಟಿಯಲ್ಲಿ ಕಾಳು ತುಂಬಬೇಕು. ಆ ಹುಲ್ಲಿಗೆ ಹುಳ ಬೀಳುವುದಿಲ್ಲ, ಇಲಿ ಬಾಯಿ ಹಾಕುವುದಿಲ್ಲ, ಬೂಷ್ಟು ಹತ್ತುವುದಿಲ್ಲ. ದಕ್ಷಿಣ ಕನ್ನಡದ ಅಕ್ಕಿಮುಡಿಯನ್ನು ಕಂಡವರಿಗೆ ಈ ಭಾಗ ಓದುವಾಗ ಮುಖ ಅರಳದೆ ಇರದು; ಕಾಳಿಗೆ ಅದರ ಹುಲ್ಲೇ ಮನೆಯಾಗುವ ಆ ಜಾಣತನವನ್ನು ಆಕ್ಸ್‌ಫರ್ಡಿನ ಪ್ರಾಧ್ಯಾಪಕರೂ ಕಂಡುಕೊಂಡಿದ್ದಾರೆ. ತೆನೆಯಿಂದ ರೊಟ್ಟಿಯವರೆಗೆ ಈ ಧಾನ್ಯವನ್ನು ಮುಟ್ಟುವ ಅಧಿಕಾರ ಕೆಲವೇ ಹೆಂಗಸರಿಗೆ. ಅವರಿಗೆ ಯವನ್ನಿಲ್ಡಿ, ಎಂದರೆ ಯವಾನ್ನಾದೇವಿಯ ಕನ್ಯೆಯರು, ಎಂದು ಹೆಸರು. ರೊಟ್ಟಿ ಮಾಡುವ ವಿದ್ಯೆ ಅವರೊಳಗಿನ ಗುಟ್ಟು. ಮಾಡಿದ ರೊಟ್ಟಿಯನ್ನು ಇಟ್ಟುಕೊಳ್ಳುವ, ಕೊಡುವ ಹಕ್ಕು ಮಾತ್ರ ಆ ಜನರ ರಾಣಿಯದು. ಅದಕ್ಕಾಗಿಯೇ ಅವಳಿಗೆ ರೊಟ್ಟಿ ಕೊಡುವವಳು ಎಂಬ ಬಿರುದು.

ಈ ಬಿರುದಿನ ಹಿಂದೆ ಒಂದು ಸ್ವಾರಸ್ಯವಿದೆ. ಟೋಲ್ಕಿನ್ ವೃತ್ತಿಯಿಂದ ಭಾಷಾಶಾಸ್ತ್ರಜ್ಞರು. 1925ರಿಂದ ಆಕ್ಸ್‌ಫರ್ಡಿನಲ್ಲಿ ಹಳೆಯ ಇಂಗ್ಲಿಷಿನ ಪ್ರಾಧ್ಯಾಪಕರಾಗಿದ್ದರು. ಅದಕ್ಕೂ ಮೊದಲು ಪ್ರಸಿದ್ಧವಾದ ಆಕ್ಸ್‌ಫರ್ಡ್ ನಿಘಂಟಿಗೆ ಕೆಲಸ ಮಾಡಿದ್ದರು. ಇಂಗ್ಲಿಷಿನ ‘ಲಾರ್ಡ್’ ಎಂಬ ಮಾತು ಹಳೆಯ ರೂಪದಲ್ಲಿ ರೊಟ್ಟಿಯನ್ನು ಕಾಯುವವನು ಎಂಬ ಅರ್ಥದ್ದು. ‘ಲೇಡಿ’ ಎಂಬುದು ರೊಟ್ಟಿಯ ಹಿಟ್ಟನ್ನು ನಾದುವವಳು ಎಂಬ ಅರ್ಥದ್ದು. ದೊಡ್ಡಮನೆಯ ಯಜಮಾನಿಯ ಕೈ ಒಂದು ಕಾಲಕ್ಕೆ ಹಿಟ್ಟಿನಲ್ಲಿತ್ತು ಎಂಬುದನ್ನು ಆ ಶಬ್ದ ನೆನಪಿಟ್ಟುಕೊಂಡಿದೆ, ಆಡುವವರು ಮರೆತಿದ್ದರೂ. ಟೋಲ್ಕಿನ್ ತಮ್ಮ ರಾಣಿಗೆ ಬಿರುದು ಕಟ್ಟುವಾಗ ಇದು ಅವರ ಮನಸ್ಸಿನಲ್ಲಿ ಇದ್ದಿರಲೇಬೇಕು. ಆದರೆ ಅವರ ಕೈಯಲ್ಲಿ ನಾದುವವಳು ಕೊಡುವವಳಾದಳು. ನಾದುವ ಕೆಲಸ ಹೆಸರಿಲ್ಲದ ಕನ್ಯೆಯರ ಪಾಲಿಗೆ ಬಂದಿತು. ನನಗೆ ಕಂಡ ಕೊರತೆಯ ಎಳೆ ಇಲ್ಲಿಯೇ ಸಿಕ್ಕಿತು.

ಸುಗ್ಗಿಯ ಮಾಟಮಂತ್ರವೆಲ್ಲ ಯಾವುದರಿಂದ ಹುಟ್ಟಿತು? ಭಯದಿಂದ. ತೆನೆ ತುಂಬಿ ನಿಂತ ಮೇಲೆಯೂ ಮಳೆ ಬಂದೀತು, ಹಕ್ಕಿ ಎರಗೀತು, ಕಳ್ಳ ಬಂದಾನು, ಕಣ್ಣು ಬಿದ್ದೀತು ಎಂಬ ಭಯ. ಅದಕ್ಕಿಂತ ಆಳದಲ್ಲಿ ಇನ್ನೊಂದು ಭಯವಿದೆ. ನಾವು ನೆಲದಿಂದ ಕಿತ್ತುಕೊಳ್ಳುತ್ತಿರುವುದು ನಮ್ಮದಲ್ಲ ಎಂಬುದು. ಕ್ರಿಸ್ತಶಕ ಒಂದನೆಯ ಶತಮಾನದ ರೋಮನ್ ಗ್ರಂಥಕಾರ ಪ್ಲಿನಿ, ಗಾಲ್ ದೇಶದ ಪುರೋಹಿತರು ಬಂದಳಿಕೆಯನ್ನು ಚಿನ್ನದ ಕುಡುಗೋಲಿನಿಂದ ಕೊಯ್ಯುತ್ತಿದ್ದರೆಂದು ಬರೆದಿದ್ದಾನೆ. ಅದು ಎಲ್ಲರಿಗೂ ಗೊತ್ತಿರುವ ಸಂಗತಿ. ಅಷ್ಟಾಗಿ ಗೊತ್ತಿಲ್ಲದ ಇನ್ನೊಂದನ್ನೂ ಅವನು ಹೇಳುತ್ತಾನೆ. ಸೆಲಾಗೊ ಎಂಬ ಮೂಲಿಕೆಯನ್ನು ಕೀಳುವವನು ಕಬ್ಬಿಣ ಮುಟ್ಟಬಾರದು. ಬಿಳಿಯ ಬಟ್ಟೆ ಉಟ್ಟಿರಬೇಕು. ಕಾಲು ತೊಳೆದು ಬರಿಗಾಲಿನಲ್ಲಿ ಬರಬೇಕು. ಬಲಗೈಯನ್ನು ಅಂಗಿಯ ಎಡಗಡೆಯಿಂದ ತೂರಿಸಿ, ಕಳ್ಳನು ಕದಿಯುವ ಹಾಗೆ ಕೀಳಬೇಕು. ಕಳ್ಳನ ಹಾಗೆ ಎಂಬುದರಲ್ಲಿಯೇ ಎಲ್ಲವೂ ಇದೆ. ಕೀಳುವವನಿಗೆ ತಾನು ಮಾಡುತ್ತಿರುವುದು ಕಳವೆಂದು ಗೊತ್ತಿದೆ. ಕಬ್ಬಿಣ ಬೇಡವೆಂಬ ನಿಷೇಧ ಆ ಅಪರಾಧಭಾವದ ಮೇಲೆ ಎಳೆದ ತೆರೆ.

ನಮ್ಮ ಕಡೆಯ ಭಯದ ಬಗೆ ಬೇರೆ. ನಾವು ಕುಡುಗೋಲಿಗೆ ಮೈಲಿಗೆ ಕಟ್ಟಿದವರಲ್ಲ, ಆಯುಧಪೂಜೆಯಲ್ಲಿ ಕುಂಕುಮವಿಟ್ಟು ಕೈಮುಗಿದವರು. ಕೊಡಗಿನ ಪುತ್ತರಿಯಲ್ಲಿ ಮೊದಲ ಕದಿರನ್ನು ಕುಡುಗೋಲಿನಿಂದಲೇ ತೆಗೆಯುತ್ತಾರೆ. ಮುಹೂರ್ತಕ್ಕೆ ಕೋವಿಯ ಸದ್ದಾಗುತ್ತದೆ. ಪೊಲಿ, ಪೊಲಿ ಎಂದು ದೇವರನ್ನು ಕೂಗುತ್ತಾರೆ. ಪೊಲಿ ಎಂದರೆ ಹೆಚ್ಚಲಿ ಎಂಬುದು. ಆ ಕೂಗು ಎಷ್ಟು ಸಂತೋಷದ್ದೋ ಅಷ್ಟೇ ಆತಂಕದ್ದು. ಹೆಚ್ಚದೆ ಹೋದರೆ ಎಂಬ ಪ್ರಶ್ನೆ ಅದರ ಬೆನ್ನಿಗೇ ಇದೆ. ನಾನು ಹುಡುಗನಾಗಿದ್ದಾಗ ನಮ್ಮ ಕಣದಲ್ಲಿ ರಾಗಿಯ ರಾಶಿ ಅಳೆಯುವಾಗ ಯಾರೂ ಮಾತಾಡಕೂಡದು. ರಾಶಿಯ ಸುತ್ತ ಬೂದಿಯ ಗೆರೆ. ಅಳೆಯುವವರು ಒಂದು ಎನ್ನುತ್ತಿರಲಿಲ್ಲ, ಲಾಭ ಎನ್ನುತ್ತಿದ್ದರು. ಎಣಿಸಿದರೆ ಕಡಿಮೆಯಾದೀತು ಎಂಬ ಭಯಕ್ಕೆ ಲೆಕ್ಕದ ಮೊದಲ ಅಂಕಿಯನ್ನೇ ಮರೆಮಾಚುವ ಉಪಾಯ! ಒಮ್ಮೆ ನಾನು ತಡೆಯಲಾರದೆ ಗಟ್ಟಿಯಾಗಿ ಒಂದು ಎಂದು ಕೂಗಿ, ಅಜ್ಜನ ಕೈಯ ಪೆಟ್ಟು ತಿಂದೆ. ಆ ವರ್ಷದ ರಾಗಿ ಯುಗಾದಿಗೆ ಮುಂಚೆಯೇ ಮುಗಿಯಿತು. ಮಳೆ ಕೈಕೊಟ್ಟಿದ್ದರಿಂದ ಎಂದು ಈಗ ಬಲ್ಲೆ. ಆಗ ನನ್ನಿಂದಲೇ ಎಂದು ನಂಬಿದ್ದೆ. ಲೇಖನದಲ್ಲಿ ಸ್ವಂತ ಕತೆ ತಂದುದಕ್ಕೆ ಓದುಗರು ಕ್ಷಮಿಸಬೇಕು. ಕಣದ ಮಂತ್ರವೆಂದರೆ ಏನೆಂದು ಇದಕ್ಕಿಂತ ಸುಲಭವಾಗಿ ಹೇಳಲು ನನಗೆ ತಿಳಿಯದು.

ಟೋಲ್ಕಿನ್ನರ ಬರಹದಲ್ಲಿ ನಿಷೇಧಗಳೆಲ್ಲ ಇವೆ, ಭಯವಿಲ್ಲ. ಹುಳವಿಲ್ಲ, ಇಲಿಯಿಲ್ಲ, ಕೊಳೆಯಿಲ್ಲ. ಮುಂಗಾರು ತಪ್ಪುವುದಿಲ್ಲ, ಏಕೆಂದರೆ ಯಾವಾಗ ಬಿತ್ತಿದರೂ ಸರಿ. ಲೋಹ ಮುಟ್ಟಿಸಿದರೆ ಏನಾದೀತೆಂದು ಹೇಳಿಲ್ಲ. ಮುಟ್ಟಿಸಬೇಕೆಂಬ ಆಸೆ ಯಾರಿಗೂ ಹುಟ್ಟುವುದಿಲ್ಲ. ಬೆಟ್ಟದಷ್ಟು ಹೊಲ, ಬಾಗಿದ ಬೆನ್ನು, ಇಳಿಯುತ್ತಿರುವ ಹೊತ್ತು ಇದ್ದಾಗಲ್ಲವೇ ಒಂದೊಂದೇ ತೆನೆಯನ್ನು ಕೈಯಲ್ಲಿ ಮುರಿಯುವುದರ ಬೆಲೆ ಗೊತ್ತಾಗುವುದು? ಈ ಕನ್ಯೆಯರ ಬೆರಳಿಗೆ ಗರಿಯ ಅಂಚು ಕೊಯ್ದುದಿಲ್ಲ. ಅವರಿಗೆ ಹಾಡೂ ಇಲ್ಲ. ಕಾದಂಬರಿಯ ತುಂಬ ಹಾಡು ಹೊಸೆದ ಲೇಖಕರು ಈ ಸುಗ್ಗಿಯ ಹೆಂಗಸರಿಗೆ ಒಂದು ಸಾಲನ್ನೂ ಕೊಟ್ಟಿಲ್ಲವೆಂಬುದು ಆಶ್ಚರ್ಯ. ಹಂತಿ ಕಟ್ಟಿ ಒಕ್ಕುವಾಗ ರಾತ್ರಿಯೆಲ್ಲ ಹಾಡಿದ ಜನರಿಗೆ ಹಾಡಿಲ್ಲದ ಸುಗ್ಗಿ ಸುಗ್ಗಿಯೆಂದೇ ತೋರದು. ಬಡಗಣ ಗಾಳಿಯ ಆ ಒಂದು ಮಾತು ಮಾತ್ರ ಜೀವಂತವಾಗಿದೆ. ಬೆಳೆ ನಾಶವಾಗಬಹುದು ಎಂಬ ಅಳುಕು ಇಡೀ ಬರಹದಲ್ಲಿ ಅಲ್ಲೊಮ್ಮೆ ಸುಳಿದು ಮಾಯವಾಗುತ್ತದೆ.

ಪಾಲಿನ ಪ್ರಶ್ನೆಯೂ ಇದೆ. ನಮ್ಮ ಹಳೆಯ ಕಣದಲ್ಲಿ ಕಾಳು ಮನೆಗೆ ಹೋಗುವ ಮೊದಲು ಬಡಗಿ, ಕಮ್ಮಾರ, ಅಗಸ, ತಳವಾರ, ನೀರಗಂಟಿ ಎಲ್ಲರಿಗೂ ಆಯ ಸಲ್ಲಬೇಕಾಗಿತ್ತು. ಆ ವ್ಯವಸ್ಥೆ ಧರ್ಮರಾಜ್ಯವೆಂದು ನಾನು ಹೊಗಳುತ್ತಿಲ್ಲ. ಅದೇ ಕಣಕ್ಕೆ ವಾರ ಅಳೆಸಿಕೊಳ್ಳಲು ಜಮೀನುದಾರನೂ ಬರುತ್ತಿದ್ದ, ಬಡ್ಡಿಗೆಂದು ಸಾಹುಕಾರನೂ ಬರುತ್ತಿದ್ದ. ದುಡಿದವನಿಗೆ ಕೆಲವೊಮ್ಮೆ ಹೊಟ್ಟೇ ಗತಿ. ಆದರೂ ಆಯ ಎಂಬುದು ಕೇಳಿ ಪಡೆಯುವ ಹಕ್ಕು. ಲೆಂಬಸ್ ಹಾಗಲ್ಲ; ಅದು ರಾಣಿಯ ಅನುಗ್ರಹ. 1977ರಲ್ಲಿ ಪ್ರಕಟವಾದ ‘ದಿ ಸಿಲ್ಮರಿಲಿಯನ್’ ಗ್ರಂಥದಲ್ಲಿ ಮೆಲಿಯನ್ ರಾಣಿ ಟೂರಿನ್ ಎಂಬ ಮನುಷ್ಯವೀರನಿಗಾಗಿ ಬೆಲೆಗ್ ಎಂಬ ಬಿಲ್ಲುಗಾರನ ಕೈಯಲ್ಲಿ ಈ ರೊಟ್ಟಿಯನ್ನು ಕೊಡುತ್ತಾಳೆ. ಸುತ್ತಿದ ಎಲೆ ಬೆಳ್ಳಿಯದು. ಕಟ್ಟಿದ ದಾರಕ್ಕೆ ಬಿಳಿಯ ಅರಗಿನಲ್ಲಿ ಹೂವಿನಾಕಾರದ ರಾಣಿಮುದ್ರೆ. ಅದಕ್ಕಿಂತ ದೊಡ್ಡ ಪ್ರಸಾದವನ್ನು ಅವಳು ತೋರಿಸಲಾರಳೆಂದು ಕಥೆ ಹೇಳುತ್ತದೆ. ಮನುಷ್ಯರು ಹೆಚ್ಚಾಗಿ ತಿಂದರೆ ಅವರಿಗೆ ತಮ್ಮ ಮರ್ತ್ಯತೆಯೇ ಬೇಸರವಾಗುವುದೆಂಬುದು ಎಲ್ಫರು ಕೊಡುವ ಕಾರಣ. ಕಾರಣ ಸುಂದರವಾಗಿದೆ. ಹಸಿದವನಿಗೆ ಕೊಡದಿರುವವರು ಹೇಳುವ ಕಾರಣಗಳು ಸಾಮಾನ್ಯವಾಗಿ ಸುಂದರವಾಗಿಯೇ ಇರುತ್ತವೆ.

ಕೆಲವರಲ್ಲಿ ಮಾತ್ರ ಉಳಿದ ಗುಟ್ಟಿಗೆ ಇನ್ನೊಂದು ಅಪಾಯವುಂಟು. ಲೆಂಬಸ್ಸಿನ ರಾಣಿಯಾದ ಗೆಲಾಡ್ರಿಯೆಲ್ ಕಾದಂಬರಿಯ ಕೊನೆಯಲ್ಲಿ ಕಡಲು ದಾಟಿ ಹೋಗುತ್ತಾಳೆ. ಆಮೇಲೆ ಆ ಕಾಳಿನ ಗತಿ ಏನು, ಆ ಬುಟ್ಟಿಗಳನ್ನು ಯಾರು ಹೆಣೆದರು ಎಂದು ಈ ಬರಹ ಕೇಳುವುದಿಲ್ಲ. ಕೇಳಿದವರು ಅಮೆರಿಕದ ಉರ್ಸುಲಾ ಲೆ ಗ್ವಿನ್. ಅವರ ‘ದಿ ಫಾರ್ದೆಸ್ಟ್ ಶೋರ್’ 1972ರದು. ಅದರಲ್ಲಿ ಲೊರ್ಬಾನರಿ ಎಂಬ ರೇಷ್ಮೆಯ ದ್ವೀಪವಿದೆ. ಲೋಕದಿಂದ ಮಂತ್ರ ಸೋರಿಹೋಗುತ್ತಿದ್ದ ಕಾಲದಲ್ಲಿ ಅಲ್ಲಿಯ ಬಣ್ಣಗಾರ್ತಿ ಅಕರೆನ್ ತನ್ನ ವಿದ್ಯೆಯನ್ನೂ ಹೆಸರನ್ನೂ ಕಳೆದುಕೊಂಡಿದ್ದಾಳೆ. ನೂಲು ಕೆಟ್ಟಿದೆ, ಬಣ್ಣ ಹಿಡಿಯದು. ಊರಿನವರು ಮಂತ್ರವೆಂಬುದು ಎಂದೂ ಇರಲಿಲ್ಲವೆಂದು ವಾದಿಸುತ್ತ, ಒಬ್ಬರ ತಪ್ಪನ್ನು ಇನ್ನೊಬ್ಬರ ಮೇಲೆ ಹೊರಿಸುತ್ತ ಕುಳಿತಿದ್ದಾರೆ. ಕಸುಬು ಸತ್ತ ಊರಿನ ಇಂಥ ಚಿತ್ರ ಟೋಲ್ಕಿನ್ನರಲ್ಲಿ ನನಗೆ ಕಂಡಿಲ್ಲ.

ಇಷ್ಟು ದೂರು ಹೇಳಿದ ಮೇಲೆ ಕಾದಂಬರಿಗೆ ಹಿಂತಿರುಗಬೇಕು. ಅಲ್ಲಿ ಹೊಲವೂ ಕನ್ಯೆಯರೂ ಇಲ್ಲ, ರೊಟ್ಟಿ ಮಾತ್ರ ಇದೆ. ಆದರೆ ಆ ರೊಟ್ಟಿಯ ಸುತ್ತ ಭಯವಿದೆ. ಜೊತೆಗೆ ಬರುವ ಗೊಲ್ಲಮ್ ಎಂಬ ಹೀನಜೀವಿ ಹಸಿವಿನಿಂದ ಸಾಯುತ್ತಿದ್ದರೂ ಅದನ್ನು ನುಂಗಲಾರದು. ಬಾಯಲ್ಲಿ ಬೂದಿಯಾದಂತೆ ಕೆಮ್ಮುತ್ತದೆ. ಶತ್ರುವಿನ ಆರ್ಕ್ ಪಡೆಯವರಿಗೆ ಅದರ ನೋಟ, ವಾಸನೆ ಎರಡೂ ಆಗದು. ಕೋಟೆಯ ಗೋಪುರದಲ್ಲಿ ಫ್ರೋಡೋನನ್ನು ಸೆರೆಯಿಟ್ಟಾಗ ಅವನ ಗಂಟಿನ ರೊಟ್ಟಿಗಳನ್ನು ಚೆಲ್ಲಾಡಿ ತುಳಿದುಹಾಕುತ್ತಾರೆ. ಸ್ಯಾಮ್ ನೆಲದ ಮೇಲಿನ ಆ ಮುರುಕುಗಳನ್ನು ಆಯ್ದು ಒಟ್ಟುಮಾಡುತ್ತಾನೆ. ಕೊಯ್ದ ಹೊಲದಲ್ಲಿ ಬಿದ್ದ ತೆನೆ ಆಯುವ ಬಡವರನ್ನು ಕಂಡವರಿಗೆ ಆ ಬಾಗಿದ ಬೆನ್ನಿನ ಗುರುತು ಸಿಗುತ್ತದೆ. ಬರಹದಲ್ಲಿ ಇಲ್ಲದ ಸುಗ್ಗಿ ಇಲ್ಲಿ, ಶತ್ರುವಿನ ಗೋಪುರದ ನೆಲದ ಮೇಲೆ ನಡೆಯುತ್ತದೆ. ಮುಂದೆ ಬೆಂಕಿಯ ಬೆಟ್ಟದ ದಾರಿಯಲ್ಲಿ ಸ್ಯಾಮ್ ಉಳಿದ ತುಂಡುಗಳ ಲೆಕ್ಕ ಹಾಕುತ್ತಾನೆ. ಹೋಗುವುದಕ್ಕೆ ಸಾಲಬಹುದು, ಬರುವುದಕ್ಕೆ ಇಲ್ಲ ಎಂಬುದು ಮೊದಲ ಬಾರಿಗೆ ಅವನ ಅರಿವಿಗೆ ಬರುತ್ತದೆ. ಆ ಪುಟವನ್ನು ಯಾರೂ ಒಂದೇ ಉಸಿರಿಗೆ ಓದಲಾರರು. ಬೇರೆ ಊಟ ಬೆರೆಸದೆ ಅದೊಂದನ್ನೇ ನಂಬಿ ತಿಂದಷ್ಟೂ ಆ ಬುತ್ತಿಯ ಬಲ ಹೆಚ್ಚುತ್ತಿತ್ತೆಂದೂ, ಅದು ಹೊಟ್ಟೆಯನ್ನಲ್ಲ, ಸಂಕಲ್ಪವನ್ನು ಉಣಿಸುತ್ತಿತ್ತೆಂದೂ ಟೋಲ್ಕಿನ್ ತಿಳಿಸುತ್ತಾರೆ. ಹಸಿವು ಹತ್ತಿರವಿದ್ದುದರಿಂದಲೇ ಅಲ್ಲಿ ಮಂತ್ರ ನಂಬುವಂತಾಯಿತು.

ಲೇಖಕರಿಗೂ ಇದು ತಿಳಿಯದ ವಿಷಯವಲ್ಲ. 1958ರಲ್ಲಿ ಈ ಕಾದಂಬರಿಯನ್ನು ಚಲನಚಿತ್ರ ಮಾಡಲು ಹೊರಟವರು ಕಳುಹಿಸಿದ ಕಥಾರೂಪದಲ್ಲಿ ಲೆಂಬಸ್ಸನ್ನು ಸಾರಗಟ್ಟಿಸಿದ ಆಹಾರವೆಂದು ಕರೆದಿದ್ದರು. ಟೋಲ್ಕಿನ್ನರಿಗೆ ಕೋಪ ಬಂದಿತು. ಅದರ ಒಂದು ಉಪಯೋಗ ಅಲ್ಪಾಹಾರದಲ್ಲಿ ದೂರಪ್ರಯಾಣವನ್ನು ನಂಬಿಸುವ ಕಥಾತಂತ್ರ ನಿಜ, ಆದರೆ ಅದಕ್ಕಿಂತ ಬಹು ದೊಡ್ಡ ಅರ್ಥ, ಸಂಕೋಚದಿಂದಲೇ ಹೇಳುವುದಾದರೆ ಧಾರ್ಮಿಕವೆನ್ನಬಹುದಾದ ಅರ್ಥ, ಅದಕ್ಕಿದೆ ಎಂದು ಕಾಗದ ಬರೆದರು. ಅವರು ನಿಷ್ಠಾವಂತ ಕ್ಯಾಥೊಲಿಕರು. ಪ್ರಸಾದದ ರೊಟ್ಟಿಯ ನೆನಪು ಇಲ್ಲಿ ಕೆಲಸಮಾಡಿದೆಯೆಂಬುದು ಸ್ಪಷ್ಟ. ಹೊಲದ ವಿವರಣೆಯಲ್ಲಿ ಬೆವರು ಏಕಿಲ್ಲ ಎಂಬುದಕ್ಕೆ ಉತ್ತರವೂ ಇಲ್ಲಿಯೇ ಇರಬಹುದು. ಪವಿತ್ರವಾದುದನ್ನು ಪವಿತ್ರವಾಗಿಡುವ ಆತುರದಲ್ಲಿ ಅವರು ಮಣ್ಣನ್ನು ತೊಳೆದುಬಿಟ್ಟರು.

ಹಾಗಾದರೆ ಟೋಲ್ಕಿನ್ನರಲ್ಲಿ ನಿಜವಾದ ಮಾಂತ್ರಿಕ ಸುಗ್ಗಿಯೇ ಇಲ್ಲವೇ? ಇದೆ, ಕಾದಂಬರಿಯ ಕೊನೆಯಲ್ಲಿ. ಉಂಗುರ ನಾಶವಾದ ಮೇಲೆ ಸ್ಯಾಮ್ ಮತ್ತು ಅವನ ಗೆಳೆಯರು ಊರಿಗೆ ಬಂದು ನೋಡಿದರೆ ಶೈರ್ ಹಾಳಾಗಿದೆ. ಬೆಳೆಯೇನೋ ಚೆನ್ನಾಗಿಯೇ ಬಂದಿತ್ತು. ಆದರೆ ಹೊಸ ಅಧಿಕಾರಿಗಳ ಜನ ಊರೂರು ತಿರುಗಿ, ಸಂಗ್ರಹಿಸಿ ಹಂಚುವವರೆಂದು ಹೇಳಿಕೊಂಡು, ಕಾಳನ್ನು ಅಳೆದು ಎಣಿಸಿ ಉಗ್ರಾಣಕ್ಕೆ ಸಾಗಿಸಿದ್ದಾರೆ. ಸಂಗ್ರಹವಾದಷ್ಟು ಹಂಚಿಕೆಯಾಗಲಿಲ್ಲ. ಮರಗಳನ್ನು ಸುಮ್ಮಸುಮ್ಮನೆ ಕಡಿದು ಕೆಡವಿದ್ದಾರೆ. ಎರಡನೆಯ ಮಹಾಯುದ್ಧದ ನಂತರದ ಇಂಗ್ಲೆಂಡಿನ ಪಡಿತರದ ನೆನಪನ್ನು ಕೆಲವರು ಇದರಲ್ಲಿ ಕಂಡಿದ್ದಾರೆ. ಟೋಲ್ಕಿನ್ ಆ ಹೋಲಿಕೆಯನ್ನು ಒಪ್ಪಲಿಲ್ಲ. ನಾವೂ ಅದನ್ನು ಜಗ್ಗಬೇಕಾಗಿಲ್ಲ. ರಾಶಿ ಕಣ್ಣೆದುರಿಗೇ ಗಾಡಿ ಹತ್ತಿ ಹೋಗುವುದನ್ನು ನೋಡುತ್ತ ನಿಂತ ರೈತನ ಸಂಕಟಕ್ಕೆ ದೇಶಕಾಲದ ಹಂಗಿಲ್ಲ.

ಸ್ಯಾಮ್‌ನ ಬಳಿ ಗೆಲಾಡ್ರಿಯೆಲ್ ಕೊಟ್ಟ ಒಂದು ಸಾದಾ ಮರದ ಪೆಟ್ಟಿಗೆಯಿದೆ. ಇತರರಿಗೆಲ್ಲ ಬೆಲೆಬಾಳುವ ಉಡುಗೊರೆ ಕೊಟ್ಟವಳು ಇವನಿಗೆ ತನ್ನ ತೋಟದ ಮಣ್ಣು ಕೊಟ್ಟಿದ್ದಳು. ರಾಣಿ ರೊಟ್ಟಿ ಕೊಡದೆ ಮಣ್ಣು ಕೊಟ್ಟ ಆ ಗಳಿಗೆಗೆ ನಾನು ಲೆಂಬಸ್ಸಿನ ಎಲ್ಲ ಹೊಲಗಳನ್ನೂ ಬಿಟ್ಟುಕೊಡುತ್ತೇನೆ. ಪೆಟ್ಟಿಗೆ ತೆರೆದರೆ ಬೂದುಬಣ್ಣದ ನುಣ್ಣನೆಯ ಪುಡಿ, ನಡುವೆ ಬೆಳ್ಳಿಯ ಸಿಪ್ಪೆಯ ಒಂದು ಬೀಜ. ಇಷ್ಟನ್ನು ಎಲ್ಲಿ ಹಾಕುವುದು, ಹೇಗೆ ಹಾಕುವುದು ಎಂದು ಅವನಿಗೆ ತಿಳಿಯದು. ನಿನಗೆ ಗೊತ್ತಿರುವ ಬುದ್ಧಿಯನ್ನೆಲ್ಲ ಮೊದಲು ಉಪಯೋಗಿಸು, ಆಮೇಲೆ ಇದು ನಿನ್ನ ಕೆಲಸಕ್ಕೆ ನೆರವಾಗಲಿ ಎಂಬ ಅರ್ಥದ ಸಲಹೆ ಫ್ರೋಡೋನದು. ಸ್ಯಾಮ್ ಮರ ಕಡಿದ ಕಡೆಯಲ್ಲೆಲ್ಲ ಸಸಿ ನೆಡುತ್ತಾನೆ. ಪ್ರತಿ ಬುಡಕ್ಕೂ ಒಂದೊಂದೇ ಕಣ ಹಾಕುತ್ತಾನೆ. ಉಳಿದುದನ್ನು ನಾಡಿನ ನಡುವಿನ ಕಲ್ಲಿನ ಬಳಿ ನಿಂತು ಗಾಳಿಗೆ ತೂರುತ್ತಾನೆ. ಬಳಿಕ ಚಳಿಗಾಲವೆಲ್ಲ ಏನಾಯಿತೋ ಎಂದು ಪದೇ ಪದೇ ಹೋಗಿ ನೋಡಬೇಕೆಂಬ ಚಡಪಡಿಕೆಯನ್ನು ಕಷ್ಟದಿಂದ ತಡೆದುಕೊಳ್ಳುತ್ತಾನೆ. ಬಿತ್ತಿದವನ ಚಡಪಡಿಕೆ ಅದು. ಯವನ್ನಿಲ್ಡಿಯರಿಗೆ ಅದು ಗೊತ್ತಿರಲಾರದು.

ಮಾರನೆಯ ವರ್ಷ ಅವರ ಪಂಚಾಂಗದ 1420. ಕಾಳು, ಹಣ್ಣು, ಹೊಗೆಸೊಪ್ಪು ಎಲ್ಲವೂ ಕಂಡರಿಯದಷ್ಟು ಬಂದುವು. ಮಕ್ಕಳು ಹುಲ್ಲಿನ ಮೇಲೆ ಕುಳಿತು ಪ್ಲಮ್ ಹಣ್ಣು ತಿಂದು ಬೀಜಗಳನ್ನು ಗೋಪುರವಾಗಿ ರಾಶಿ ಹಾಕಿದರು. ಬಡಗಣ ಭಾಗದ ಬಾರ್ಲಿಯಿಂದ ಆ ವರ್ಷ ಇಳಿಸಿದ ಬಿಯರ್ ಎಷ್ಟು ಚೆನ್ನಾಗಿತ್ತೆಂದರೆ, ಒಂದು ತಲೆಮಾರು ಕಳೆದ ಮೇಲೆಯೂ ಊರ ಛತ್ರದಲ್ಲಿ ದುಡಿದು ಬಂದ ಮುದುಕನೊಬ್ಬ ಒಳ್ಳೆಯ ಬಿಯರು ಕುಡಿದು ಲೋಟ ಕೆಳಗಿಟ್ಟಾಗ, ನಿಟ್ಟುಸಿರು ಬಿಟ್ಟು ಆ ವರ್ಷದ ಅಂಕಿಯನ್ನೇ ಹೊಗಳಿಕೆಯಾಗಿ ಹೇಳುತ್ತಿದ್ದನಂತೆ.